ಸಮನ್ಸು ಬಂದಾಗ ತಟ್ಟಬೇಕಾದ ಬಾಗಿಲು ಯಾವುದು?

ಪೊಲೀಸ್ ಪೇದೆಯೊಬ್ಬ ಮನೆಯ ಬಾಗಿಲಿಗೆ ಬಂದು, ಸಹಿ ಹಾಕಿಸಿಕೊಂಡು ಕೊಟ್ಟುಹೋಗುವ ಒಂದು ಹಾಳೆ ಕಾಗದಕ್ಕೆ ಇರುವ ಶಕ್ತಿ ಸಾಮಾನ್ಯವಾದುದಲ್ಲ. ಇಂಥ ದಿನಾಂಕದಂದು ಇಷ್ಟು ಗಂಟೆಗೆ ಇಂಥ ಮ್ಯಾಜಿಸ್ಟ್ರೇಟರ ಮುಂದೆ ಆರೋಪಿಯಾಗಿ ಹಾಜರಾಗತಕ್ಕದ್ದು ಎಂದು ಅದರಲ್ಲಿ ಬರೆದಿರುತ್ತದೆ. ಹಾಜರಾಗದಿದ್ದರೆ ವಾರಂಟು. ಹಾಜರಾದರೆ ಜಾಮೀನು, ವಕಾಲತ್ತು, ತಿಂಗಳಿಗೊಂದು ವಾಯಿದೆ. ಮೊಕದ್ದಮೆಯಲ್ಲಿ ಹುರುಳಿಲ್ಲವೆಂದು ಕೊನೆಗೆ ತೀರ್ಪಾದರೂ ಅಷ್ಟರೊಳಗೆ ನಾಲ್ಕಾರು ವರ್ಷ ಕಳೆದಿರುವುದುಂಟು. ಆದ್ದರಿಂದಲೇ ಸಮನ್ಸು ಪಡೆದವನ ಮೊದಲ ಪ್ರಶ್ನೆ ‘ನಾನು ತಪ್ಪಿತಸ್ಥನೇ’ ಎಂಬುದಾಗಿರುವುದಿಲ್ಲ. ‘ಇದನ್ನು ಇಲ್ಲಿಗೇ ನಿಲ್ಲಿಸಲು ಯಾರ ಹತ್ತಿರ ಹೋಗಬೇಕು’ ಎಂಬುದಾಗಿರುತ್ತದೆ.

ಮೇಲ್ನೋಟಕ್ಕೆ ಇದು ಸರಳ ಪ್ರಶ್ನೆ. ಸಮನ್ಸು ಹೊರಡಿಸಿದ ಮ್ಯಾಜಿಸ್ಟ್ರೇಟರನ್ನೇ ಕೇಳಿಕೊಳ್ಳಬಹುದಲ್ಲ? ಇಲ್ಲವೇ ಜಿಲ್ಲೆಯ ಸೆಷನ್ಸ್ ನ್ಯಾಯಾಧೀಶರನ್ನು? ಅಥವಾ ನೇರವಾಗಿ ಹೈಕೋರ್ಟನ್ನು? ಆದರೆ ಈ ಮೂರು ಬಾಗಿಲುಗಳಲ್ಲಿ ಯಾವುದು ತೆರೆದಿದೆ, ಯಾವುದು ಮುಚ್ಚಿದೆ ಎಂಬುದನ್ನು ತೀರ್ಮಾನಿಸಲು ಭಾರತದ ನ್ಯಾಯಾಲಯಗಳಿಗೆ ನೂರು ವರ್ಷಕ್ಕೂ ಹೆಚ್ಚು ಕಾಲ ಹಿಡಿಯಿತು. ಈ ಕಥೆಯಲ್ಲಿ ಒಬ್ಬ ಸಮಾಜವಾದಿ ನಾಯಕ, ಒಬ್ಬ ಪತ್ರಿಕಾ ಸಂಪಾದಕ, ಒಂದು ತಂಪು ಪಾನೀಯದ ಬಾಟಲಿ ಮತ್ತು ಕರ್ನಾಟಕದಿಂದ ಸುಪ್ರೀಂ ಕೋರ್ಟಿಗೆ ಹೋದ ಇಬ್ಬರು ನ್ಯಾಯಮೂರ್ತಿಗಳು ಬರುತ್ತಾರೆ.

ಕಂಪನಿ ಸರ್ಕಾರದ ಕಾಲದಲ್ಲಿ ಎರಡು ಬಗೆಯ ನ್ಯಾಯಾಲಯಗಳಿದ್ದವು. ಕಲ್ಕತ್ತೆಯಲ್ಲಿ 1774ರಲ್ಲಿ, ಆಮೇಲೆ ಮದರಾಸು, ಮುಂಬಯಿಗಳಲ್ಲಿ ಸ್ಥಾಪನೆಯಾದ ರಾಜಾಜ್ಞೆಯ ಸುಪ್ರೀಂ ಕೋರ್ಟುಗಳು ನಗರದೊಳಗೆ ಇಂಗ್ಲಿಷ್ ಕಾನೂನನ್ನು ನಡೆಸುತ್ತಿದ್ದರೆ, ಮೊಫಸಲ್ ಪ್ರದೇಶದಲ್ಲಿ ಫೌಜುದಾರಿ ಅದಾಲತುಗಳ ಆಡಳಿತವಿತ್ತು. 1861ರಲ್ಲಿ ಬಂದ ಎರಡು ಕಾಯಿದೆಗಳು ಈ ಇಬ್ಬಂದಿಯನ್ನು ಅಳಿಸಿದವು. ಒಂದು ಹೈಕೋರ್ಟುಗಳನ್ನು ಹುಟ್ಟುಹಾಕಿತು. ಇನ್ನೊಂದು ಮೊದಲ ದಂಡ ಪ್ರಕ್ರಿಯಾ ಸಂಹಿತೆ. ಸಂಹಿತೆ 1872, 1882 ಮತ್ತು 1898ರಲ್ಲಿ ಹೊಸ ರೂಪ ತಾಳಿತು. ಈ ಕೊನೆಯದೇ ಸ್ವಾತಂತ್ರ್ಯ ಬಂದ ಮೇಲೂ ಕಾಲು ಶತಮಾನ ನಡೆದುಬಂದ ಹಳೆಯ ಸಂಹಿತೆ.

1898ರ ವ್ಯವಸ್ಥೆಯಲ್ಲಿ ಮ್ಯಾಜಿಸ್ಟ್ರೇಟರ ತಪ್ಪು ಆದೇಶವನ್ನು ತಿದ್ದುವ ‘ಪುನರೀಕ್ಷಣೆ’ ಅಧಿಕಾರ ಬಹುಮಟ್ಟಿಗೆ ಹೈಕೋರ್ಟಿನದೇ ಆಗಿತ್ತು. ಸೆಷನ್ಸ್ ನ್ಯಾಯಾಧೀಶರು ಕಡತ ತರಿಸಿಕೊಂಡು ನೋಡಬಹುದಿತ್ತು; ತಪ್ಪು ಕಂಡರೆ ಸಾಮಾನ್ಯವಾಗಿ ತಾವೇ ಅದನ್ನು ರದ್ದುಗೊಳಿಸುವಂತಿರಲಿಲ್ಲ, ಹೈಕೋರ್ಟಿಗೆ ವರದಿ ಮಾಡಬೇಕಿತ್ತು. ಜಿಲ್ಲೆಯ ಅತಿ ದೊಡ್ಡ ನ್ಯಾಯಾಧೀಶರು ಈ ವಿಷಯದಲ್ಲಿ ಅಂಚೆಯವರಂತೆ ಕೆಲಸ ಮಾಡುತ್ತಿದ್ದರು ಎಂದರೆ ಉತ್ಪ್ರೇಕ್ಷೆಯಾಗದು.

ಆಗ ಕನ್ನಡಿಗನ ಹೈಕೋರ್ಟು ಎಲ್ಲಿತ್ತು? ಅದು ಅವನು ಹುಟ್ಟಿದ ಊರಿನ ಮೇಲೆ ನಿಂತಿತ್ತು. ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರದವರಿಗೆ ಮುಂಬಯಿ, ಮಂಗಳೂರಿನವರಿಗೆ ಮದರಾಸು, ಕಲಬುರ್ಗಿ, ರಾಯಚೂರು, ಬೀದರಿನವರಿಗೆ ಹೈದರಾಬಾದು. ಹಳೆಯ ಮೈಸೂರಿನವರಿಗೆ ಮಾತ್ರ ಬೆಂಗಳೂರು. ಅಲ್ಲಿ 1884ರಲ್ಲಿ ಮೊದಲಾದ ಚೀಫ್ ಕೋರ್ಟು 1930ರಲ್ಲಿ ಹೈಕೋರ್ಟೆನಿಸಿಕೊಂಡಿತು. 1956ರ ನವೆಂಬರ್ 1ರಂದು ರಾಜ್ಯ ಒಂದಾದಾಗ ಇವರೆಲ್ಲರ ಹೈಕೋರ್ಟೂ ಒಂದೇ ಆಯಿತು. ಏಕೀಕರಣದ ಹಿಗ್ಗಿನಲ್ಲಿ ಮರೆತುಹೋದ ಒಂದು ಸಂಗತಿಯೆಂದರೆ, ಬೀದರಿನ ಆರೋಪಿಗೆ ಹೈದರಾಬಾದಿಗಿಂತ ಬೆಂಗಳೂರು ಬಹಳ ದೂರ. ರಸ್ತೆಯಲ್ಲಿ ಸುಮಾರು 700 ಕಿಲೋಮೀಟರು.

ಪುನರೀಕ್ಷಣೆಯಲ್ಲದೆ ಹೈಕೋರ್ಟಿಗೆ ಇನ್ನೊಂದು ಅಧಿಕಾರವೂ ಇದೆ. ಕಾನೂನಿನ ಪುಸ್ತಕದಲ್ಲಿ ಬರೆಯದಿದ್ದರೂ ಉನ್ನತ ನ್ಯಾಯಾಲಯವೆಂಬ ಕಾರಣಕ್ಕೇ ಅದರಲ್ಲಿ ಅಡಗಿದೆಯೆಂದು ಭಾವಿಸಲಾದ ‘ಅಂತರ್ಗತ ಅಧಿಕಾರ’ವದು. 1923ರಲ್ಲಿ ಸಂಹಿತೆಗೆ 561-ಎ ಎಂಬ ಕಲಮನ್ನು ಸೇರಿಸಿ ಈ ಅಧಿಕಾರಕ್ಕೆ ಮಾತು ಕೊಡಲಾಯಿತು. ಸಂಹಿತೆಯ ಆದೇಶಗಳನ್ನು ಜಾರಿಗೆ ತರಲು, ನ್ಯಾಯಾಲಯದ ಪ್ರಕ್ರಿಯೆಯ ದುರುಪಯೋಗ ತಡೆಯಲು ಮತ್ತು ನ್ಯಾಯದ ಉದ್ದೇಶ ಸಾಧಿಸಲು ಹೈಕೋರ್ಟಿಗಿರುವ ಅಧಿಕಾರವನ್ನು ಸಂಹಿತೆಯ ಯಾವ ಮಾತೂ ಕುಗ್ಗಿಸಲಾರದು ಎಂಬುದು ಅದರ ತಾತ್ಪರ್ಯ. ಇದರಿಂದ ಹೊಸ ಅಧಿಕಾರವೇನೂ ಹುಟ್ಟಲಿಲ್ಲ, ಇದ್ದುದನ್ನು ಉಳಿಸಿದಂತಾಯಿತು ಅಷ್ಟೇ ಎಂದು ಲಂಡನ್ನಿನ ಪ್ರಿವಿ ಕೌನ್ಸಿಲು 1944ರಲ್ಲಿ ಲಾಹೋರಿನಿಂದ ಹೋದ ಖ್ವಾಜಾ ನಜೀರ್ ಅಹಮದ್ ಮೊಕದ್ದಮೆಯಲ್ಲಿ ಹೇಳಿತು. ಇದೇ 561-ಎ 1973ರ ಸಂಹಿತೆಯಲ್ಲಿ 482ನೇ ಕಲಮಾಯಿತು. ಕೋರ್ಟು ಹತ್ತಿದ ಸಾಮಾನ್ಯ ಜನರ ಬಾಯಲ್ಲೂ ‘ಫೋರ್ ಎಯ್ಟಿ ಟು ಹಾಕುವುದು’ ಎಂಬ ಮಾತು ನೆಲೆಸಿದ್ದು ಹೀಗೆ.

ಈ ಅಧಿಕಾರವನ್ನು ಯಾವಾಗ ಬಳಸಬಹುದೆಂಬುದಕ್ಕೆ ಸ್ವತಂತ್ರ ಭಾರತದಲ್ಲಿ ಮೊದಲ ಗೆರೆ ಹಾಕಿದ್ದು 1960ರ ಆರ್.ಪಿ. ಕಪೂರ್ ತೀರ್ಪು. ಮೊಕದ್ದಮೆಗೆ ಕಾನೂನಿನ ತಡೆಯೇ ಇದ್ದರೆ, ದೂರಿನಲ್ಲಿ ಹೇಳಿದ್ದನ್ನೆಲ್ಲ ನಿಜವೆಂದುಕೊಂಡರೂ ಅಪರಾಧವಾಗದಿದ್ದರೆ, ಅಥವಾ ಆರೋಪಕ್ಕೆ ಪುರಾವೆಯೇ ಇಲ್ಲದಿದ್ದರೆ ಹೈಕೋರ್ಟು ಕೈಹಾಕಬಹುದು ಎಂದು ನ್ಯಾಯಮೂರ್ತಿ ಗಜೇಂದ್ರಗಡ್ಕರ್ ಬರೆದರು. ವಿಚಿತ್ರವೆಂದರೆ ಈ ತತ್ವವನ್ನು ನಾಡಿಗೆ ಕೊಟ್ಟ ಕಪೂರರ ಮೇಲ್ಮನವಿ ಮಾತ್ರ ವಜಾ ಆಯಿತು.

ಸಮನ್ಸಿನ ಹಂತಕ್ಕೆ ಈ ತತ್ವವನ್ನು ಬಿಡಿಸಿ ಹೇಳಿದ್ದು ಕರ್ನಾಟಕದಿಂದ ಹೋದ ಒಂದು ಪ್ರಕರಣ. 1976ರ ನಾಗವ್ವ ಪ್ರಕರಣವೆಂದು ಅದು ದೇಶದ ಎಲ್ಲ ಹೈಕೋರ್ಟುಗಳಲ್ಲಿ ಪರಿಚಿತ. ಫಿರ್ಯಾದಿಯ ದೂರಿನ ಮೇಲೆ ಮ್ಯಾಜಿಸ್ಟ್ರೇಟರು ಹೊರಡಿಸಿದ ಆದೇಶವನ್ನು ಹೈಕೋರ್ಟು ರದ್ದುಗೊಳಿಸಿತ್ತು. ಸುಪ್ರೀಂ ಕೋರ್ಟು ಅದನ್ನು ಮತ್ತೆ ಎತ್ತಿ ನಿಲ್ಲಿಸಿತು. ಆ ಹಂತದಲ್ಲಿ ಮ್ಯಾಜಿಸ್ಟ್ರೇಟರು ನೋಡಬೇಕಾದುದು ಮುಂದುವರಿಯಲು ಸಾಕಷ್ಟು ಆಧಾರವಿದೆಯೇ ಎಂಬುದನ್ನು ಮಾತ್ರ, ಶಿಕ್ಷೆಯಾಗುತ್ತದೆಯೇ ಎಂಬುದನ್ನಲ್ಲ. ಸಾಕ್ಷ್ಯವನ್ನು ತಕ್ಕಡಿಗೆ ಹಾಕುವುದು ಹೈಕೋರ್ಟಿನ ಕೆಲಸವೂ ಅಲ್ಲ. ದೂರಿನಲ್ಲಿ ಅಪರಾಧವೇ ಕಾಣದಿದ್ದರೆ, ಆರೋಪ ನಂಬಲಸಾಧ್ಯವಾದಷ್ಟು ಅಸಂಬದ್ಧವಾಗಿದ್ದರೆ, ಮ್ಯಾಜಿಸ್ಟ್ರೇಟರು ಮನಸೋಇಚ್ಛೆ ನಡೆದಿದ್ದರೆ, ಅಥವಾ ಅಗತ್ಯವಾದ ಪೂರ್ವಾನುಮತಿ ಇಲ್ಲದಿರುವಂಥ ಮೂಲಭೂತ ದೋಷವಿದ್ದರೆ ಮಾತ್ರ ಸಮನ್ಸು ರದ್ದಾಗಬೇಕು. ಮರುವರ್ಷವೇ ಇನ್ನೊಂದು ಕರ್ನಾಟಕದ ಪ್ರಕರಣದಲ್ಲಿ, ಅದು ಎಲ್. ಮುನಿಸ್ವಾಮಿ ಪ್ರಕರಣ, ಇದರ ಇನ್ನೊಂದು ಮುಖ ಕಂಡಿತು. ಮೊಕದ್ದಮೆ ಕಿರುಕುಳದ ಆಯುಧವಾಗಿ ಇಳಿಯಬಾರದೆಂದು ಹೇಳಿದ ನ್ಯಾಯಮೂರ್ತಿ ಚಂದ್ರಚೂಡರ ಪೀಠ, ಅದನ್ನು ಕೊನೆಗೊಳಿಸಿದ್ದ ಕರ್ನಾಟಕ ಹೈಕೋರ್ಟಿನ ಆದೇಶವನ್ನು ಎತ್ತಿಹಿಡಿಯಿತು. ಈ ಎರಡು ತೀರ್ಪುಗಳನ್ನು ಜೊತೆಯಾಗಿಟ್ಟು ಓದಿದಾಗಲೇ ಚಿತ್ರ ಪೂರ್ಣವಾಗುವುದು. ಸಮನ್ಸು ರದ್ದಾದಾಗ ಒಬ್ಬನಿಗೆ ಬಿಡುಗಡೆ ಸಿಕ್ಕರೆ, ಎದುರು ಕಡೆಯಲ್ಲಿ ನ್ಯಾಯ ಕೇಳಿಕೊಂಡು ಬಂದ ಇನ್ನೊಬ್ಬರ ಬಾಯಿ ಮುಚ್ಚಿದಂತಾಗುತ್ತದೆ.

ಇಷ್ಟರಲ್ಲಿ ಸಂಹಿತೆಯೇ ಬದಲಾಗಿತ್ತು. 1974ರ ಏಪ್ರಿಲ್ 1ರಂದು ಜಾರಿಗೆ ಬಂದ ಹೊಸ ಸಂಹಿತೆ ಮೂರು ಹೊಸ ಮಾತುಗಳನ್ನು ಹೇಳಿತು. ಸೆಷನ್ಸ್ ನ್ಯಾಯಾಧೀಶರಿಗೆ ತಾವೇ ಆದೇಶ ರದ್ದುಗೊಳಿಸುವ ಪೂರ್ಣ ಪುನರೀಕ್ಷಣಾಧಿಕಾರ ಕೊಟ್ಟಿತು. ಸೆಷನ್ಸ್ ಕೋರ್ಟು ಅಥವಾ ಹೈಕೋರ್ಟು, ಎರಡರಲ್ಲಿ ಒಂದನ್ನು ಆರಿಸಿಕೊಳ್ಳಬೇಕು. ಒಂದು ಕಡೆ ಸೋತವನು ಅದೇ ಪುನರೀಕ್ಷಣಾ ಅರ್ಜಿಯನ್ನು ಹಿಡಿದು ಇನ್ನೊಂದು ಕಡೆಗೆ ಹೋಗುವಂತಿಲ್ಲ ಎಂದಿತು. ಮೂರನೆಯದಾಗಿ, ‘ಮಧ್ಯಂತರ ಆದೇಶ’ಗಳ ವಿರುದ್ಧ ಪುನರೀಕ್ಷಣೆಯೇ ಇಲ್ಲ ಎಂದು 397ನೇ ಕಲಮಿನ ಎರಡನೇ ಉಪಕಲಮಿನಲ್ಲಿ ಬರೆಯಿತು. ಮೊಕದ್ದಮೆಗಳ ವಿಳಂಬಕ್ಕೆ ಮುಖ್ಯ ಕಾರಣಗಳಲ್ಲೊಂದು ಇಂಥ ಅರ್ಜಿಗಳೇ ಎಂಬುದು ಸರ್ಕಾರದ ವಿವರಣೆಯಾಗಿತ್ತು. ಆದರೆ ಮಧ್ಯಂತರ ಆದೇಶವೆಂದರೇನು ಎಂದು ಸಂಹಿತೆ ಎಲ್ಲಿಯೂ ಹೇಳಲಿಲ್ಲ. ಸಮನ್ಸು ಮೊಕದ್ದಮೆಯ ಮೊದಲ ಹೆಜ್ಜೆ. ಅದು ಏನನ್ನೂ ಕೊನೆಗೊಳಿಸುವುದಿಲ್ಲ. ಹಾಗಾದರೆ ಅದು ಮಧ್ಯಂತರವೇ ಅಲ್ಲವೇ? ಹಲವು ಹೈಕೋರ್ಟುಗಳು ಹೌದೆಂದು ಬಾಗಿಲು ಹಾಕಿಕೊಂಡವು.

ಆಗ ಬಂದವರು ಮಧು ಲಿಮಯೆ. ಸಮಾಜವಾದಿ ಮುಖಂಡ, ಸಂಸತ್ತಿನಲ್ಲಿ ಸರ್ಕಾರವನ್ನು ಮುಳ್ಳಿನಂತೆ ಚುಚ್ಚುತ್ತಿದ್ದ ವ್ಯಕ್ತಿ. 1974ರ ಸೆಪ್ಟೆಂಬರ್ 27ರಂದು ದೆಹಲಿಯಲ್ಲಿ ನಡೆದ ಪತ್ರಿಕಾಗೋಷ್ಠಿಯೊಂದರಲ್ಲಿ ಅವರು ಮಹಾರಾಷ್ಟ್ರದ ಅಂದಿನ ಕಾನೂನು ಮಂತ್ರಿ ಎ.ಆರ್. ಅಂತುಲೆಯವರ ವಿರುದ್ಧ ಹೇಳಿಕೆ ಕೊಟ್ಟರೆಂಬುದು ಆರೋಪ. ಸಾಮಾನ್ಯ ಮಾನನಷ್ಟ ಮೊಕದ್ದಮೆಯಾದರೆ ಅವಮಾನಿತರು ಸ್ವತಃ ಮ್ಯಾಜಿಸ್ಟ್ರೇಟರ ಮುಂದೆ ದೂರು ಹೂಡಬೇಕು. ಮಂತ್ರಿಯ ಅಧಿಕೃತ ಕೆಲಸಕ್ಕೆ ಸಂಬಂಧಿಸಿದ ಮಾನನಷ್ಟವಾದರೆ ಮಾತ್ರ ಸರ್ಕಾರದ ವಕೀಲರೇ ನೇರವಾಗಿ ಸೆಷನ್ಸ್ ಕೋರ್ಟಿನಲ್ಲಿ ಫಿರ್ಯಾದು ಕೊಡಬಹುದು. ಇಲ್ಲಿ ಹಾಗೆಯೇ ಆಯಿತು. ಮುಂಬಯಿಯ ಸೆಷನ್ಸ್ ಕೋರ್ಟು ಲಿಮಯೆಯವರಿಗೆ ಸಮನ್ಸು ಕಳಿಸಿತು. ತಾವು ಹೇಳಿದ್ದು ಮಂತ್ರಿಯ ಅಧಿಕೃತ ಕೆಲಸದ ಬಗ್ಗೆ ಅಲ್ಲ, ಆದ್ದರಿಂದ ಈ ಕೋರ್ಟಿಗೆ ವಿಚಾರಣೆಯ ಅಧಿಕಾರವೇ ಇಲ್ಲ ಎಂದು ಅವರು ವಾದಿಸಿದರು. ಕೋರ್ಟು ಒಪ್ಪದೆ ದೋಷಾರೋಪ ಹೊರಿಸಿತು. ಮುಂಬಯಿ ಹೈಕೋರ್ಟಿಗೆ ಹೋದರೆ, ಇದು ಮಧ್ಯಂತರ ಆದೇಶ, ಅರ್ಜಿಯನ್ನು ಕೇಳುವಂತೆಯೇ ಇಲ್ಲ ಎಂಬ ಉತ್ತರ ಬಂತು.

1977ರಲ್ಲಿ ಈ ವಿಷಯ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠದ ಮುಂದೆ ಬಂತು. ಅದೇ ವರ್ಷ ಅಮರನಾಥ್ ಎಂಬ ಹರಿಯಾಣದ ಪ್ರಕರಣದಲ್ಲಿ ಇಬ್ಬರು ನ್ಯಾಯಮೂರ್ತಿಗಳು, ಆರೋಪಿಯ ಹಕ್ಕಿಗೆ ಗಣನೀಯವಾಗಿ ತಟ್ಟುವ ಸಮನ್ಸಿನ ಆದೇಶವನ್ನು ಬರಿಯ ಮಧ್ಯಂತರವೆನ್ನಲಾಗದು ಎಂದಿದ್ದರು. ಆದರೆ ಪುನರೀಕ್ಷಣೆಗೆ ತಡೆಯಿರುವ ಕಡೆ ಅಂತರ್ಗತ ಅಧಿಕಾರಕ್ಕೂ ತಡೆಯಿದೆ ಎಂಬ ಅರ್ಥ ಬರುವಂತೆಯೂ ಬರೆದಿದ್ದರು. ಲಿಮಯೆ ಪ್ರಕರಣದಲ್ಲಿ ನ್ಯಾಯಮೂರ್ತಿ ಉಂಟ್‌ವಾಲಿಯಾ ಈ ಗಂಟನ್ನು ಬಿಡಿಸಿದರು. ಅಂತಿಮ ಮತ್ತು ಮಧ್ಯಂತರಗಳ ನಡುವೆ ಮೂರನೆಯ ಒಂದು ಜಾತಿ ಇದೆ. ಆರೋಪಿಯ ವಾದವನ್ನು ಒಪ್ಪಿದರೆ ಮೊಕದ್ದಮೆಯೇ ಮುಗಿಯುತ್ತದೆ ಎನ್ನುವಂಥ ಆದೇಶ, ಒಪ್ಪದೆ ಹೋದರೂ, ಬರಿಯ ಮಧ್ಯಂತರವಲ್ಲ. ವಾಯಿದೆ ಮುಂದೂಡುವುದು, ಸಾಕ್ಷಿಯನ್ನು ಕರೆಸುವುದು, ಇವು ಮಧ್ಯಂತರ. ‘ನಿನ್ನ ಮೇಲೆ ಮೊಕದ್ದಮೆ ನಡೆಯುತ್ತದೆ’ ಎನ್ನುವ ಆದೇಶ ಹಾಗಲ್ಲ. ಇನ್ನು 482ನೇ ಕಲಮನ್ನು ಪುನರೀಕ್ಷಣೆಯ ತಡೆ ಕಟ್ಟಿಹಾಕದು. ಆದರೆ ಅದನ್ನು ಬಹಳ ಮಿತವಾಗಿ, ನಿಜವಾದ ದುರುಪಯೋಗ ಕಂಡಾಗ ಮಾತ್ರ ಬಳಸಬೇಕು. ಲಿಮಯೆಯವರ ಅರ್ಜಿಯನ್ನು ಗುಣದೋಷದ ಮೇಲೆ ನಿರ್ಧರಿಸುವಂತೆ ಮುಂಬಯಿಗೆ ಹಿಂದಿರುಗಿಸಲಾಯಿತು. ಅಂತುಲೆ ಮುಂದೆ 1980ರಲ್ಲಿ ಮಹಾರಾಷ್ಟ್ರದ ಮುಖ್ಯಮಂತ್ರಿಯಾದರು. ಲಿಮಯೆಯವರ ಹೆಸರು ದೇಶದ ಯಾವ ಮೂಲೆಯ ಕ್ರಿಮಿನಲ್ ವಕೀಲನಾದರೂ ವಾರಕ್ಕೊಮ್ಮೆಯಾದರೂ ಉಚ್ಚರಿಸುವ ಹೆಸರಾಯಿತು.

ಹೀಗೆ ಎರಡು ಬಾಗಿಲುಗಳು ತೆರೆದವು. ಉಳಿದದ್ದು ಮೂರನೆಯದು, ಎಲ್ಲಕ್ಕಿಂತ ಹತ್ತಿರದ್ದು: ಸಮನ್ಸು ಹೊರಡಿಸಿದ ಮ್ಯಾಜಿಸ್ಟ್ರೇಟರದೇ ಬಾಗಿಲು. ಕೇರಳದ ‘ಮಲಯಾಳ ಮನೋರಮಾ’ದ ಪ್ರಧಾನ ಸಂಪಾದಕ ಕೆ.ಎಂ. ಮ್ಯಾಥ್ಯೂ ಅದನ್ನೇ ತಟ್ಟಿದರು. ಪತ್ರಿಕೆಯಲ್ಲಿ ಬಂದ ಸುದ್ದಿಯೊಂದಕ್ಕೆ ಅವರ ಮೇಲೂ ಮಾನನಷ್ಟದ ಸಮನ್ಸು ಬಂದಿತ್ತು. ಪ್ರತಿಯೊಂದು ಸುದ್ದಿಯನ್ನು ಪ್ರಧಾನ ಸಂಪಾದಕರೇ ಆರಿಸಿ ಹಾಕಿದರೆಂದು ಊಹಿಸುವಂತಿಲ್ಲ. 1867ರ ಮುದ್ರಣಾಲಯ ಕಾಯಿದೆಯ ಊಹೆ, ಸಂಪಾದಕನೆಂದು ಪತ್ರಿಕೆಯಲ್ಲಿ ಹೆಸರು ಅಚ್ಚಾದವರಿಗಷ್ಟೇ ಅನ್ವಯ. ಈ ವಾದವನ್ನು ಮ್ಯಾಜಿಸ್ಟ್ರೇಟರು ಒಪ್ಪಿ ಮೊಕದ್ದಮೆ ಕೈಬಿಟ್ಟರು. ಕೇರಳ ಹೈಕೋರ್ಟು, ಮ್ಯಾಜಿಸ್ಟ್ರೇಟರಿಗೆ ಆ ಅಧಿಕಾರವಿಲ್ಲವೆಂದಿತು. ಸುಪ್ರೀಂ ಕೋರ್ಟು 1991ರ ನವೆಂಬರಿನಲ್ಲಿ ಹೈಕೋರ್ಟಿನ ಮಾತನ್ನು ತಳ್ಳಿಹಾಕಿತು. ಸಮನ್ಸಿನ ಆದೇಶ ತೀರ್ಪಲ್ಲ. ದೂರಿನಲ್ಲಿ ಅಪರಾಧವೇ ಇಲ್ಲವೆಂದು ಮ್ಯಾಜಿಸ್ಟ್ರೇಟರಿಗೆ ಮನವರಿಕೆಯಾದರೆ ಅದನ್ನು ಹಿಂತೆಗೆದುಕೊಳ್ಳಲು ಸಂಹಿತೆಯ ವಿಶೇಷ ಅಪ್ಪಣೆಯೇನೂ ಬೇಕಿಲ್ಲ ಎಂಬುದು ಅದರ ಸಾರ. ಆ ಪೀಠದಲ್ಲಿದ್ದವರು ಕರ್ನಾಟಕ ಹೈಕೋರ್ಟಿನಿಂದ ಹೋಗಿದ್ದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ. ಮುಂದೆ ನ್ಯಾಯಾಧೀಶರ ವೇತನ ಆಯೋಗದ ಅಧ್ಯಕ್ಷರಾಗಿ ಅವರ ಹೆಸರು ಮನೆಮಾತಾಯಿತು.

ತೀರ್ಪು ಉದಾರವಾದುದು, ಬಡವನಿಗೆ ಅನುಕೂಲವಾದುದು. ಸ್ವಂತ ತಾಲ್ಲೂಕಿನ ಕೋರ್ಟಿನಲ್ಲೇ ಒಂದು ಅರ್ಜಿ ಹಾಕಿ ಮುಗಿಸಬಹುದಲ್ಲ! ಆದರೆ ಅದಕ್ಕೆ ಇನ್ನೊಂದು ಮಗ್ಗುಲಿತ್ತು. ವಿಚಾರಣೆ ತಳ್ಳುವ ಉದ್ದೇಶದವನಿಗೂ ಅದು ಅಷ್ಟೇ ಅನುಕೂಲ. ಸಮನ್ಸು ಹಿಂತೆಗೆಯಲು ಅರ್ಜಿ, ಅದಕ್ಕೆ ತಕರಾರು, ಅದರ ಮೇಲೆ ವಾದ, ಆದೇಶ, ಆ ಆದೇಶದ ಮೇಲೆ ಪುನರೀಕ್ಷಣೆ, ಇಷ್ಟು ಮುಗಿಯುವವರೆಗೂ ಮೂಲ ಮೊಕದ್ದಮೆ ಕುಳಿತಲ್ಲೇ ಕುಳಿತಿರುತ್ತದೆ.

ಈ ಉದಾರ ದಾರಿಯನ್ನೇ ಹಿಡಿಯಿರೆಂದು ಹೇಳಿ ಹೈಕೋರ್ಟುಗಳು ಕೈತೊಳೆದುಕೊಂಡದ್ದೂ ಉಂಟು. ಲಕ್ನೋದಲ್ಲಿ 1993ರಲ್ಲಿ ಕೊಂಡ ತಂಪು ಪಾನೀಯದ ಬಾಟಲಿಯಲ್ಲಿ ಬೂಷ್ಟು ಕಂಡಿತೆಂದು ಒಬ್ಬ ಗ್ರಾಹಕ ಆಹಾರ ಕಲಬೆರಕೆ ಕಾಯಿದೆಯಡಿ ದೂರು ಹೂಡಿದ. ಪೆಪ್ಸಿ ಫುಡ್ಸ್ ಕಂಪನಿಗೆ ಸಮನ್ಸು ಹೋಯಿತು. ಅಲಹಾಬಾದ್ ಹೈಕೋರ್ಟು ‘ಮ್ಯಾಜಿಸ್ಟ್ರೇಟರ ಹತ್ತಿರವೇ ಹೋಗಿ ಬಿಡುಗಡೆ ಕೇಳಿ’ ಎಂದಿತು. 1997ರಲ್ಲಿ ಸುಪ್ರೀಂ ಕೋರ್ಟು ಇದನ್ನು ಒಪ್ಪಲಿಲ್ಲ. ಆ ಬಾಟಲಿಯನ್ನು ತಯಾರಿಸಿದವರು ಇವರೇ ಎಂಬುದಕ್ಕೂ ದೂರಿನಲ್ಲಿ ಆಧಾರವಿರಲಿಲ್ಲ. ಕ್ರಿಮಿನಲ್ ಪ್ರಕರಣದಲ್ಲಿ ಒಬ್ಬರನ್ನು ಆರೋಪಿಯಾಗಿ ಕರೆಸುವುದು ಗಂಭೀರ ವಿಷಯ, ಯಾಂತ್ರಿಕವಾಗಿ ಮಾಡುವಂಥದ್ದಲ್ಲ; ಅರ್ಜಿಯ ತಲೆಬರಹದಲ್ಲಿ ಸಂವಿಧಾನದ 226, 227ನೇ ವಿಧಿಯಿದೆಯೋ ಸಂಹಿತೆಯ 482 ಇದೆಯೋ ಎಂಬುದೂ ಮುಖ್ಯವಲ್ಲ ಎಂದು ಅದು ಹೇಳಿತು. ದೇಶದಲ್ಲಿ ಸಮನ್ಸು ರದ್ದು ಕೋರುವ ಅರ್ಜಿಗಳಲ್ಲಿ ಈ ತೀರ್ಪಿನ ಉಲ್ಲೇಖವಿಲ್ಲದ ಅರ್ಜಿ ಅಪರೂಪ.

ಮ್ಯಾಜಿಸ್ಟ್ರೇಟರ ಬಾಗಿಲನ್ನು ಮುಚ್ಚಿದ್ದು 2004ರ ಆಗಸ್ಟಿನಲ್ಲಿ ಬಂದ ಅದಾಲತ್ ಪ್ರಸಾದ್ ಪ್ರಕರಣ. ಮ್ಯಾಥ್ಯೂ ತೀರ್ಪು ಸರಿಯೇ ಎಂಬ ಸಂದೇಹ ಹುಟ್ಟಿ ಮೂವರ ಪೀಠಕ್ಕೆ ಒಪ್ಪಿಸಲಾಗಿತ್ತು. ಪೀಠದ ಪರವಾಗಿ ತೀರ್ಪು ಬರೆದವರೂ ಕನ್ನಡಿಗರೇ. ಎರಡು ವರ್ಷಗಳ ಬಳಿಕ ಕರ್ನಾಟಕದ ಲೋಕಾಯುಕ್ತರಾಗಿ ಬಂದ ನ್ಯಾಯಮೂರ್ತಿ ಎನ್. ಸಂತೋಷ್ ಹೆಗ್ಡೆ. ಅವರ ತರ್ಕ ಮೆಟ್ಟಿಲು ಮೆಟ್ಟಿಲಾಗಿ ಇಳಿಯುತ್ತದೆ. ಮ್ಯಾಜಿಸ್ಟ್ರೇಟರು ಮೊದಲು ಫಿರ್ಯಾದಿಯ ಪ್ರಮಾಣಿತ ಹೇಳಿಕೆ ಪಡೆಯುತ್ತಾರೆ, ಬೇಕಿದ್ದರೆ ವಿಚಾರಿಸುತ್ತಾರೆ, ಆಧಾರವಿಲ್ಲದಿದ್ದರೆ ಅಲ್ಲಿಯೇ ದೂರನ್ನು ವಜಾ ಮಾಡುತ್ತಾರೆ. ಇದ್ದರೆ ಸಮನ್ಸು. ಸಮನ್ಸಿನ ಮೆಟ್ಟಿಲು ದಾಟಿದ ಮೇಲೆ ವಜಾದ ಮೆಟ್ಟಿಲಿಗೆ ಹಿಂದಿರುಗಲು ಸಂಹಿತೆಯಲ್ಲಿ ದಾರಿಯಿಲ್ಲ, ಏಕೆಂದರೆ ತನ್ನ ಆದೇಶವನ್ನು ತಾನೇ ಮರುಪರಿಶೀಲಿಸುವ ಅಧಿಕಾರವನ್ನು ಸಂಹಿತೆ ಕೆಳಗಿನ ಕ್ರಿಮಿನಲ್ ಕೋರ್ಟುಗಳಿಗೆ ಕೊಟ್ಟಿಲ್ಲ. ಹಾಗಾಗಿ ಅನ್ಯಾಯವಾಗಿ ಸಮನ್ಸು ಪಡೆದವನಿಗೆ ಉಳಿಯುವ ದಾರಿ 482ನೇ ಕಲಮು.

ತರ್ಕದ ದೃಷ್ಟಿಯಿಂದ ಈ ತೀರ್ಪನ್ನು ಅಲುಗಿಸುವುದು ಕಷ್ಟ. ಐವರು ನ್ಯಾಯಮೂರ್ತಿಗಳ ಪೀಠವೂ 2021ರಲ್ಲಿ ಚೆಕ್ ಅಮಾನ್ಯ ಪ್ರಕರಣಗಳ ಶೀಘ್ರ ವಿಲೇವಾರಿಯ ವಿಷಯದಲ್ಲಿ ಇದನ್ನೇ ಎತ್ತಿಹಿಡಿದಿದೆ. ಆದರೆ ನ್ಯಾಯದ ಖರ್ಚಿನ ದೃಷ್ಟಿಯಿಂದ ನೋಡಿದರೆ ಹೊರೆ ಬಿದ್ದದ್ದು ದೂರದ ಊರಿನ ಬಡ ಆರೋಪಿಯ ಮೇಲೆಯೇ. ತಾಲ್ಲೂಕು ಕೋರ್ಟಿನಲ್ಲಿ ಅರ್ಧ ದಿನದಲ್ಲಿ ಮುಗಿಯಬಹುದಾಗಿದ್ದ ಕೆಲಸಕ್ಕೆ ಹೈಕೋರ್ಟಿನ ವಕೀಲರು, ಪ್ರಯಾಣ, ಕಾಗದಪತ್ರಗಳ ಅನುವಾದ. ಕರ್ನಾಟಕದಲ್ಲಿ ಈ ಹೊರೆ ಸ್ವಲ್ಪ ಇಳಿದದ್ದು 2008ರ ಜುಲೈನಲ್ಲಿ, ಧಾರವಾಡ ಮತ್ತು ಕಲಬುರ್ಗಿಗಳಲ್ಲಿ ಹೈಕೋರ್ಟಿನ ಸಂಚಾರಿ ಪೀಠಗಳು ಆರಂಭವಾದಾಗ. 2013ರಲ್ಲಿ ಅವು ಕಾಯಂ ಪೀಠಗಳಾದವು. ಪೀಠಕ್ಕಾಗಿ ಉತ್ತರ ಕರ್ನಾಟಕದ ವಕೀಲರು ವರ್ಷಗಟ್ಟಲೆ ಹೋರಾಡಿದ್ದು ಪ್ರತಿಷ್ಠೆಗಾಗಿ ಎಂದು ಬೆಂಗಳೂರಿನಲ್ಲಿ ಕೆಲವರು ಭಾವಿಸಿದ್ದುಂಟು. ಸಮನ್ಸು ಹಿಡಿದುಕೊಂಡು ರಾತ್ರಿ ಬಸ್ಸು ಹತ್ತಬೇಕಾದವನ ಲೆಕ್ಕ ಬೇರೆ.

ಅದಾಲತ್ ಪ್ರಸಾದ್ ತೀರ್ಪನ್ನು ಓದಿದವರು ಕೆಲವೊಮ್ಮೆ ಮರೆಯುವ ಎರಡು ಸಂಗತಿಗಳಿವೆ. ಮೊದಲನೆಯದು, ಜಿಲ್ಲೆಯ ಸೆಷನ್ಸ್ ನ್ಯಾಯಾಧೀಶರ ಬಾಗಿಲು ಮುಚ್ಚಿಲ್ಲ. ಸಮನ್ಸಿನ ಆದೇಶ ಬರಿಯ ಮಧ್ಯಂತರವಲ್ಲವಾದ್ದರಿಂದ ಅದರ ಮೇಲೆ ಪುನರೀಕ್ಷಣೆ ಸಲ್ಲುತ್ತದೆ ಎಂದು 1999ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟವಾಗಿ ಹೇಳಿದೆ. ಇದಕ್ಕೆ 90 ದಿನಗಳ ಕಾಲಮಿತಿಯಿದೆ. 482ಕ್ಕೆ ಅಂಥ ನಿಗದಿತ ಮಿತಿಯಿಲ್ಲ. ಎರಡನೆಯದು ಮೊಕದ್ದಮೆಯ ಜಾತಿ. ಎರಡು ವರ್ಷಕ್ಕಿಂತ ಹೆಚ್ಚಿನ ಸಜೆಯಿರುವ ಅಪರಾಧಗಳ ‘ವಾರಂಟು ಪ್ರಕರಣ’ಗಳಲ್ಲಿ ಆರೋಪಿಯನ್ನು ವಿಚಾರಣೆಗೆ ಮೊದಲೇ ಬಿಡುಗಡೆ ಮಾಡುವ ಅಧಿಕಾರವನ್ನು ಸಂಹಿತೆಯೇ ಮ್ಯಾಜಿಸ್ಟ್ರೇಟರಿಗೆ ಕೊಟ್ಟಿದೆ. ಮಾನನಷ್ಟ, ಚೆಕ್ ಅಮಾನ್ಯದಂಥ ‘ಸಮನ್ಸು ಪ್ರಕರಣ’ಗಳಲ್ಲಿ ಖಾಸಗಿ ದೂರಿನ ಮೇಲೆ ಆ ಹಂತವೇ ಇಲ್ಲ. ಹೆಚ್ಚು ಗಂಭೀರವಾದ ಅಪರಾಧದ ಆರೋಪಿಗೆ ಹತ್ತಿರದ ಬಾಗಿಲು ತೆರೆದಿದ್ದು, ಹಗುರವಾದ ಆರೋಪ ಹೊತ್ತವನು ಮೇಲಿನ ಕೋರ್ಟಿಗೇ ಹೋಗಬೇಕೆಂಬುದು ನಮ್ಮ ಕಾನೂನಿನ ಒಂದು ತಮಾಷೆ. ಹಾಜರಿಯ ತೊಂದರೆಯಷ್ಟೇ ಇದ್ದವರಿಗೆ ಮಾತ್ರ ಮ್ಯಾಜಿಸ್ಟ್ರೇಟರು ವಕೀಲರ ಮೂಲಕ ಹಾಜರಾಗಲು ವಿನಾಯಿತಿ ಕೊಡಬಹುದು.

ಸೆಷನ್ಸ್ ಕೋರ್ಟಿಗೆ ಹೋಗಬಹುದಾದವನು ಅದನ್ನು ಬಿಟ್ಟು ನೇರವಾಗಿ ಹೈಕೋರ್ಟಿಗೆ ಹೋದರೆ? ಈ ಬಗ್ಗೆಯೂ ಸುಪ್ರೀಂ ಕೋರ್ಟು ಒಂದೇ ಮಾತಿನಲ್ಲಿ ನಿಲ್ಲಲಿಲ್ಲ. ಧಾರಿವಾಲ್ ತಂಬಾಕು ಕಂಪನಿಯ ಪ್ರಕರಣದಲ್ಲಿ 2008ರಲ್ಲಿ, ಪುನರೀಕ್ಷಣೆಯ ದಾರಿಯಿದೆಯೆಂಬ ಒಂದೇ ಕಾರಣಕ್ಕೆ ಹೈಕೋರ್ಟು ಅರ್ಜಿಯನ್ನು ತಳ್ಳಬಾರದು ಎಂದಿತು. 2013ರಲ್ಲಿ ಇನ್ನೊಂದು ಪೀಠ ತದ್ವಿರುದ್ಧವಾಗಿ ಹೇಳಿತು. ಪತ್ರಕರ್ತ ಪ್ರಭು ಚಾವ್ಲಾ ರಾಜಸ್ಥಾನದಿಂದ ತಂದ ಮೇಲ್ಮನವಿಯಲ್ಲಿ 2016ರಲ್ಲಿ ಮೂವರ ಪೀಠ ಮೊದಲ ಮಾತನ್ನೇ ಖಾಯಂ ಮಾಡಿತು. ಅಧಿಕಾರಕ್ಕೆ ತಡೆಯಿಲ್ಲ, ಬಳಸಬೇಕೋ ಬೇಡವೋ ಎಂಬುದು ಹೈಕೋರ್ಟಿನ ವಿವೇಚನೆ. ಇನ್ನು ಸೆಷನ್ಸ್ ಕೋರ್ಟಿನಲ್ಲಿ ಸೋತು 482ರ ಹೆಸರಿನಲ್ಲಿ ಹೈಕೋರ್ಟಿಗೆ ಬರುವವರಿಗೆ, ಎರಡನೇ ಪುನರೀಕ್ಷಣೆಯನ್ನೇ ಬೇರೆ ಅಂಗಿ ತೊಡಿಸಿ ತಂದಿದ್ದೀರಿ ಎಂಬ ಆಕ್ಷೇಪ ಎದುರಾಗುತ್ತದೆ. ಅಂಥ ಅರ್ಜಿ ಪೂರ್ತಿ ನಿಷಿದ್ಧವಲ್ಲದಿದ್ದರೂ ಅಪರೂಪಕ್ಕೆ ಮಾತ್ರ ಒಪ್ಪತಕ್ಕದ್ದೆಂದು 1997ರ ತೀರ್ಪೊಂದು ಹೇಳಿದೆ.

ಇನ್ನೊಂದು ತೊಡಕು ರಾಜ್ಯದ ಗಡಿಯದು. ಮಂಗಳೂರಿನವನ ಮೇಲೆ ಗುವಾಹಾಟಿಯಲ್ಲಿ ಮೊಕದ್ದಮೆ ಹೂಡಿದರೆ ಬೆಂಗಳೂರಿನ ಹೈಕೋರ್ಟಿಗೆ 482ರಡಿ ಅಲ್ಲಿನ ಮ್ಯಾಜಿಸ್ಟ್ರೇಟರ ಮೇಲೆ ಅಧಿಕಾರವಿಲ್ಲ. ಅದರ ಕೈ ತನ್ನ ಕೆಳಗಿನ ಕೋರ್ಟುಗಳವರೆಗೆ ಮಾತ್ರ. ಮೊಕದ್ದಮೆಯನ್ನು ಒಂದು ರಾಜ್ಯದಿಂದ ಇನ್ನೊಂದಕ್ಕೆ ವರ್ಗಾಯಿಸಲು ಸುಪ್ರೀಂ ಕೋರ್ಟಿಗಷ್ಟೇ ಸಾಧ್ಯ. ರಿಟ್ ಅಧಿಕಾರದ ವ್ಯಾಪ್ತಿ ಇದಕ್ಕಿಂತ ತುಸು ಹಿರಿದು. ವ್ಯಾಜ್ಯಕಾರಣದ ಒಂದು ಭಾಗ ತನ್ನ ವ್ಯಾಪ್ತಿಯಲ್ಲಿ ಹುಟ್ಟಿದ್ದರೂ ಹೈಕೋರ್ಟು ರಿಟ್ ಹೊರಡಿಸಬಹುದೆಂದು 1963ರ ಸಂವಿಧಾನ ತಿದ್ದುಪಡಿ ಹೇಳುತ್ತದೆ. ಇದರ ಬಲದಿಂದಲೇ, ಶಿಲ್ಲಾಂಗಿನಲ್ಲಿ ದಾಖಲಾದ ದೂರಿನ ವಿರುದ್ಧ ಮುಂಬಯಿ ಹೈಕೋರ್ಟಿನಲ್ಲಿ ಪರಿಹಾರ ಕೇಳಬಹುದೆಂದು 2000ದಲ್ಲಿ ಮಜೀಠಿಯಾ ಪ್ರಕರಣದಲ್ಲಿ ತೀರ್ಮಾನವಾಯಿತು. ದೂರದ ಊರಿನಲ್ಲಿ ಬೇಕೆಂದೇ ದೂರು ಹೂಡಿ ಸತಾಯಿಸುವುದನ್ನು ತಡೆಯಲು 2005ರ ತಿದ್ದುಪಡಿಯೊಂದು ಬಂತು. ಆರೋಪಿ ತನ್ನ ವ್ಯಾಪ್ತಿಯ ಹೊರಗಿದ್ದರೆ ಮ್ಯಾಜಿಸ್ಟ್ರೇಟರು ವಿಚಾರಿಸದೆ ಸಮನ್ಸು ಕಳಿಸುವಂತಿಲ್ಲ.

ಫಿರ್ಯಾದಿಯ ಕಷ್ಟವೂ ಸಣ್ಣದಲ್ಲ. ಹೈಕೋರ್ಟಿನ ಒಂದು ತಡೆಯಾಜ್ಞೆ ಬಿದ್ದರೆ ಮೊಕದ್ದಮೆ ವರ್ಷಗಟ್ಟಲೆ ಅಲ್ಲಾಡುವುದಿಲ್ಲ. ತಡೆಯಾಜ್ಞೆ ಆರು ತಿಂಗಳಿಗೆ ತಾನಾಗಿಯೇ ಬಿದ್ದುಹೋಗಲಿ ಎಂದು ಸುಪ್ರೀಂ ಕೋರ್ಟು 2018ರಲ್ಲಿ ಪ್ರಯೋಗ ಮಾಡಿ ನೋಡಿತು. 2024ರ ಫೆಬ್ರುವರಿಯಲ್ಲಿ ಐವರ ಪೀಠ ಅದನ್ನು ರದ್ದುಗೊಳಿಸಿತು. ಕೋರ್ಟು ವಿಚಾರಣೆಗೆ ತೆಗೆದುಕೊಳ್ಳಲಿಲ್ಲವೆಂಬ ಕಾರಣಕ್ಕೆ ಕಕ್ಷಿದಾರ ನಷ್ಟ ಅನುಭವಿಸಬಾರದೆಂಬುದು ಅದರ ಚಿಂತೆ.

2024ರ ಜುಲೈ 1ರಿಂದ ಹಳೆಯ ಸಂಹಿತೆಯ ಜಾಗದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ನಡೆಯುತ್ತಿದೆ. 482 ಈಗ 528. 397 ಈಗ 438. ಸಂಖ್ಯೆ ಬದಲಾದದ್ದಕ್ಕಿಂತ ದೊಡ್ಡ ಬದಲಾವಣೆ 223ನೇ ಕಲಮಿನಲ್ಲಿದೆ. ಖಾಸಗಿ ದೂರಿನ ಮೇಲೆ ಅಪರಾಧದ ಸಂಜ್ಞಾನ ತೆಗೆದುಕೊಳ್ಳುವ ಮೊದಲು ಆರೋಪಿಗೆ ಅಹವಾಲು ಹೇಳಿಕೊಳ್ಳುವ ಅವಕಾಶ ಕೊಡಲೇಬೇಕು. ಒಂದೂವರೆ ಶತಮಾನದಿಂದ ಸಮನ್ಸು ಬರುವವರೆಗೂ ಬಾಯಿ ತೆರೆಯುವ ಹಕ್ಕೇ ಇಲ್ಲದಿದ್ದ ಆರೋಪಿಗೆ ಇದು ಹೊಸತು. ಸಂತೋಷ್ ಹೆಗ್ಡೆಯವರ ತೀರ್ಪು ಸಮನ್ಸಿನ ನಂತರ ಮುಚ್ಚಿದ ಬಾಗಿಲನ್ನು ಶಾಸನ ಸಮನ್ಸಿಗೆ ಮೊದಲೇ ತೆರೆದಿದೆ ಎನ್ನಬಹುದು.

ಅದರ ಕ್ರಮ ಹೇಗಿರಬೇಕೆಂದು ಮೊದಮೊದಲು ವಿವರಿಸಿದ ಕೋರ್ಟುಗಳಲ್ಲಿ ಕರ್ನಾಟಕ ಹೈಕೋರ್ಟೂ ಒಂದು. ಶಾಸಕ ಬಸನಗೌಡ ಪಾಟೀಲ ಯತ್ನಾಳರ ವಿರುದ್ಧ ಸಚಿವ ಶಿವಾನಂದ ಪಾಟೀಲರು ಹೂಡಿದ ಮಾನನಷ್ಟ ಪ್ರಕರಣದಲ್ಲಿ, ದೂರು ಬಂದ ಕೂಡಲೇ ಆರೋಪಿಗೆ ನೋಟಿಸು ಕಳಿಸಿದ್ದು ತಪ್ಪು ಎಂದು ಅದು 2024ರ ಸೆಪ್ಟೆಂಬರಿನಲ್ಲಿ ಹೇಳಿತು. ಮೊದಲು ಫಿರ್ಯಾದಿಯ ಪ್ರಮಾಣಿತ ಹೇಳಿಕೆ, ಬಳಿಕ ನೋಟಿಸು, ಆಮೇಲೆ ಸಂಜ್ಞಾನ. ಚೆಕ್ ಪ್ರಕರಣಗಳಿಗೆ ಈ ಮುಂಗಡ ನೋಟಿಸು ಬೇಕಿಲ್ಲ ಎಂಬ ಇದೇ ಹೈಕೋರ್ಟಿನ ಇನ್ನೊಂದು ಅಭಿಪ್ರಾಯವನ್ನು ಸುಪ್ರೀಂ ಕೋರ್ಟು 2025ರಲ್ಲಿ ಒಪ್ಪಿತು.

ನೋಟಿಸಿಗೆ ಬಂದು ಅಹವಾಲು ಹೇಳಿಕೊಂಡು, ಅದನ್ನು ತಳ್ಳಿಹಾಕಿಸಿಕೊಂಡ ಆರೋಪಿ ಮತ್ತೆ ನಿಲ್ಲುವುದು ಸೆಷನ್ಸ್ ಕೋರ್ಟು ಮತ್ತು ಹೈಕೋರ್ಟುಗಳ ಆ ಎರಡು ಬಾಗಿಲುಗಳ ಮುಂದೆಯೇ. ಮಧ್ಯಂತರ ಆದೇಶದ ಮೇಲೆ ಪುನರೀಕ್ಷಣೆಯಿಲ್ಲ ಎಂಬ 1973ರ ವಾಕ್ಯ ಹೊಸ ಸಂಹಿತೆಯ 438ನೇ ಕಲಮಿನಲ್ಲಿ ಹಾಗೆಯೇ ಉಳಿದಿದೆ. ಮಧ್ಯಂತರವೆಂದರೇನು ಎಂಬ ವಿವರಣೆಯನ್ನು ಈ ಸಲವೂ ಸೇರಿಸಲಿಲ್ಲ.